ಹಳೆಯ ಬೆಳ್ಳಿ, ಪಿಂಗಾಣಿ ಮತ್ತು ಒಡವೆಗಳ ಮೇಲಿನ ಅಚ್ಚುಗುರುತುಗಳು

ಬೆಳ್ಳಿ ತಟ್ಟೆಯ ತಳ, ಪಿಂಗಾಣಿ ಬಟ್ಟಲಿನ ಅಡಿ, ಬಳೆಯ ಒಳಮೈ, ಓಲೆಯ ಬೆನ್ನು, ಸರದ ಕೊಂಡಿ ಮುಂತಾದ ಕಡೆ ಒತ್ತಿದ, ಕೆತ್ತಿದ ಅಥವಾ ಬಣ್ಣದಲ್ಲಿ ಬರೆದ ಸಣ್ಣ ಗುರುತುಗಳು. ವಸ್ತುವನ್ನು ಯಾರು ಮಾಡಿದರು, ಎಲ್ಲಿ, ಯಾವ ಕಾಲದಲ್ಲಿ, ಲೋಹ ಎಷ್ಟು ಶುದ್ಧ ಎಂಬುದನ್ನು ಇವುಗಳಿಂದ ಅರಿಯುವ ವಿದ್ಯೆ ಕಲಾಚರಿತ್ರೆಗೂ ಬೇಕು, ಚಿನಿವಾರ ಪೇಟೆಗೂ ಬೇಕು. ಇಂಗ್ಲೆಂಡ್, ಫ್ರಾನ್ಸ್, ಜರ್ಮನಿಗಳ ಗುರುತುಗಳನ್ನು ಪಟ್ಟಿ ಮಾಡಿದ ದಪ್ಪ ದಪ್ಪ ಕೋಶಗಳಿವೆ. ಆ ಕೋಶಗಳನ್ನು ಕೈಯಲ್ಲಿ ಹಿಡಿದು ಬೆಂಗಳೂರಿನ ಒಂದು ಮನೆಯ ದೇವರ ಪೆಟ್ಟಿಗೆಯನ್ನು ತೆರೆದರೆ ಹೆಚ್ಚೇನೂ ದಕ್ಕುವುದಿಲ್ಲ. ಇಲ್ಲಿನ ಬೆಳ್ಳಿಬಂಗಾರದ ಮೇಲೆ ಮಾಡಿದವನ ಹೆಸರಿಗಿಂತ ಮಾಡಿಸಿದವರ, ಕೊಟ್ಟವರ ಹೆಸರೇ ಹೆಚ್ಚು. ಎಷ್ಟೋ ಉತ್ತಮ ಕೆಲಸದ ಮೇಲೆ ಯಾವ ಗುರುತೂ ಇಲ್ಲ. ಗುರುತಿಲ್ಲ ಎಂದ ಮಾತ್ರಕ್ಕೆ ಅದು ಕಡಿಮೆ ದರ್ಜೆಯದು ಅಥವಾ ಖೋಟಾ ಎಂದು ತೀರ್ಮಾನಿಸುವುದು ಕರ್ನಾಟಕದ ಮಟ್ಟಿಗೆ ದೊಡ್ಡ ತಪ್ಪು.

ಗುರುತು ಕಂಡಾಗ ಮೊದಲು ಕೇಳಬೇಕಾದ ಪ್ರಶ್ನೆ, ಇದು ಯಾರ ಗುರುತು ಎಂಬುದು. ಮಾಡಿದವನದೆ, ಶುದ್ಧತೆಗೆ ಹೊಣೆ ಹೊತ್ತ ಸಂಸ್ಥೆಯದೆ, ಅಥವಾ ವಸ್ತುವಿನ ಒಡೆಯರದೆ? ಮೂರೂ ಒಂದೇ ತಟ್ಟೆಯ ಮೇಲೆ ಅಕ್ಕಪಕ್ಕ ಇರಬಹುದು. ಮಾರಿದ ಅಂಗಡಿಯ ಹೆಸರು ನಾಲ್ಕನೆಯದಾಗಿ ಸೇರಿಕೊಂಡು, ಮಾಡಿದವನ ಹೆಸರಿನಂತೆ ಕಾಣುವುದೂ ಉಂಟು.

ಕರ್ನಾಟಕದ ಹಿನ್ನೆಲೆ

ಭಾರತದಲ್ಲಿ ಬೆಳ್ಳಿಯ ಮೇಲೆ ಅಚ್ಚೊತ್ತುವ ರೂಢಿ ಕ್ರಿಸ್ತಪೂರ್ವ ಕಾಲದ್ದು. ಕರ್ನಾಟಕದಲ್ಲೂ ದೊರೆತಿರುವ ಮುದ್ರಾಂಕಿತ ಬೆಳ್ಳಿ ನಾಣ್ಯಗಳ ಒಂದು ಬದಿಯಲ್ಲಿ ಸೂರ್ಯ, ಬೆಟ್ಟ, ಆನೆ ಮೊದಲಾದ ಚಿಹ್ನೆಗಳನ್ನು ಬೇರೆ ಬೇರೆ ಅಚ್ಚುಗಳಿಂದ ಒತ್ತಿರುತ್ತಾರೆ. ಕೆಲವು ನಾಣ್ಯಗಳ ಇನ್ನೊಂದು ಬದಿಯಲ್ಲಿ, ಕೈಯಿಂದ ಕೈಗೆ ಸಾಗುವಾಗ ಪರೀಕ್ಷಿಸಿ ನೋಡಿದ ಚಿನಿವಾರರು ಹೊಡೆದ ಪುಟ್ಟ ಗುರುತುಗಳಿವೆ. ಹೊರಡಿಸಿದವರ ಮುದ್ರೆ ಒಂದು ಕಡೆ, ಪರೀಕ್ಷಿಸಿದವರ ಮುದ್ರೆ ಇನ್ನೊಂದು ಕಡೆ. ಮಧ್ಯಯುಗದ ಕನ್ನಡ ಶಾಸನಗಳಲ್ಲಿ ಬರುವ ಲೊಕ್ಕಿಗದ್ಯಾಣ ಇದರ ಮುಂದಿನ ಹಂತ. ಗದಗ ಜಿಲ್ಲೆಯ ಇಂದಿನ ಲಕ್ಕುಂಡಿ, ಅಂದಿನ ಲೊಕ್ಕಿಗುಂಡಿಯ ಟಂಕಸಾಲೆಯ ಚಿನ್ನದ ನಾಣ್ಯವೆಂಬ ಕಾರಣಕ್ಕೇ ದಾನಪತ್ರಗಳಲ್ಲಿ ಅದನ್ನು ಹೆಸರಿಟ್ಟು ಹೇಳುತ್ತಿದ್ದರು.

ಕುಶಲಕರ್ಮಿ ತನ್ನ ಹೆಸರನ್ನು ಬರೆಯುವ ಪದ್ಧತಿ ಕನ್ನಡ ನಾಡಿಗೆ ಹೊಸದಲ್ಲ. ಬೇಲೂರಿನ ಮದನಿಕೆಯರ ಪೀಠಗಳಲ್ಲಿ ಬಳ್ಳಿಗಾವಿಯ ದಾಸೋಜ, ಅವನ ಮಗ ಚಾವಣ ಮೊದಲಾದವರ ಹೆಸರುಗಳಿವೆ. 13ನೇ ಶತಮಾನದ ನುಗ್ಗೇಹಳ್ಳಿ, ಸೋಮನಾಥಪುರಗಳ ವಿಗ್ರಹಗಳ ಕೆಳಗೆ ಮಲ್ಲಿತಮ್ಮನ ಹೆಸರು ಮತ್ತೆ ಮತ್ತೆ ಬರುತ್ತದೆ. ಕೆಲವೊಮ್ಮೆ ಹೆಸರಿನ ಮೊದಲಕ್ಷರವಷ್ಟೇ ಇರುತ್ತದೆ. ಇವು ಎಲ್ಲ ಅರ್ಥದಲ್ಲೂ ತಯಾರಕರ ಗುರುತುಗಳೇ. ಲೋಹದ ಕೆಲಸದಲ್ಲಿ ತಾಮ್ರಪಟ ಕೆತ್ತಿದವರು ಹೆಸರು ಬಿಟ್ಟಿದ್ದಾರೆ. ಗಂಗರ ತಾಮ್ರಪಟಗಳಲ್ಲಿ ವಿಶ್ವಕರ್ಮಾಚಾರ್ಯನೆಂಬ ಹೆಸರು ಬರುತ್ತದೆ. ಕೃಷ್ಣದೇವರಾಯ, ಅಚ್ಯುತರಾಯರ ತಾಮ್ರಪಟಗಳ ಕೊನೆಯಲ್ಲಿ ಮಲ್ಲಣನ ಮಗ ವೀರಣಾಚಾರ್ಯ ತಾನೇ ಕೆತ್ತಿದವನೆಂದು ಹೇಳಿಕೊಂಡಿದ್ದಾನೆ. ಪಟಗಳನ್ನು ಪೋಣಿಸಿದ ಬಳೆಯ ಮೇಲೆ ರಾಜಮುದ್ರೆ ಇರುತ್ತಿತ್ತು. ಗಂಗರದು ಆನೆ, ವಿಜಯನಗರದ್ದು ವರಾಹ. ಮುದ್ರೆ ಹೊಣೆಗಾರಿಕೆಯದು, ಹೆಸರು ಕೆಲಸದ್ದು.

ಹೀಗೆ ಕಲ್ಲಿಗೂ ತಾಮ್ರಕ್ಕೂ ಹೆಸರು ಬರೆದ ನಾಡಿನಲ್ಲಿ ಒಡವೆ ಮಾಡಿದ ಅಕ್ಕಸಾಲಿಗ ಮಾತ್ರ ಸುಮ್ಮನಿದ್ದ. ಇದಕ್ಕೆ ಕಾರಣ ವ್ಯವಹಾರದ ರೀತಿಯಲ್ಲೇ ಇದೆ. ಮನೆಯ ಅಕ್ಕಸಾಲಿ ತಲೆಮಾರುಗಳಿಂದ ಗೊತ್ತಿದ್ದವನು. ಮದುವೆಗೆ ಮುಂಚೆ ಚಿನ್ನವನ್ನು ತೂಗಿ ಕೊಡುತ್ತಿದ್ದರು, ಕೂಲಿ ಮಾತಾಡುತ್ತಿದ್ದರು, ಆದ ಒಡವೆಯನ್ನು ತೂಗಿಯೇ ತರುತ್ತಿದ್ದರು. ಅನುಮಾನ ಬಂದರೆ ಒರೆಗಲ್ಲು ಇತ್ತು. ಕಪ್ಪು ಕಲ್ಲಿನ ಮೇಲೆ ಒಡವೆಯನ್ನು ಉಜ್ಜಿ ಒಂದು ಗೆರೆ ಎಳೆದು, ಗೊತ್ತಿರುವ ಶುದ್ಧತೆಯ ಚಿನ್ನದ ಕಡ್ಡಿಯಿಂದ ಪಕ್ಕದಲ್ಲೇ ಇನ್ನೊಂದು ಗೆರೆ ಎಳೆದು, ಬಣ್ಣ ಹೋಲಿಸಿ, ಆಮ್ಲದ ಹನಿ ಬಿಟ್ಟು ಯಾವ ಗೆರೆ ಎಷ್ಟು ಉಳಿಯುತ್ತದೆಂದು ನೋಡುತ್ತಿದ್ದರು. ಎದುರಿಗೇ ಕೂತು ಮಾಡಿಕೊಟ್ಟವನಿಗೆ ಅಚ್ಚೊತ್ತಿ ತನ್ನ ಗುರುತು ಹೇಳಬೇಕಾದ ಅಗತ್ಯ ಬರಲಿಲ್ಲ. ಅಪರಿಚಿತರು ಅಪರಿಚಿತರಿಗೆ ಮಾರುವ ಪೇಟೆ ಬೆಳೆದಾಗಲೇ ಗುರುತಿಗೆ ಬೆಲೆ ಬರುತ್ತದೆ.

ಅರಮನೆಯ ಕಾರ್ಖಾನೆಗಳ ರೀತಿ ಬೇರೆ. ಶ್ರೀರಂಗಪಟ್ಟಣದಲ್ಲಿ ಟಿಪ್ಪು ಸುಲ್ತಾನನಿಗಾಗಿ ತಯಾರಾದ ಬಂದೂಕುಗಳ ಮೇಲೆ ತಯಾರಕನ ಹೆಸರು, 'ಪಟ್ಟಣ' ಎಂದು ಊರಿನ ಹೆಸರು, ಟಿಪ್ಪು ಬಳಸುತ್ತಿದ್ದ ಮೌಲೂದಿ ಶಕೆಯ ವರ್ಷ ಮೂರನ್ನೂ ಚಿನ್ನ ಅಥವಾ ಬೆಳ್ಳಿಯಲ್ಲಿ ಕೂರಿಸಿರುವುದುಂಟು. ಹುಲಿಪಟ್ಟೆಯ ಚಿತ್ತಾರ ಒಡೆತನದ ಗುರುತು. ಯುರೋಪಿನ ಯಾವ ಬೆಳ್ಳಿ ಸಾಮಾನಿಗೂ ಕಡಿಮೆಯಿಲ್ಲದಷ್ಟು ಪೂರ್ಣ ವಿವರ ಇವುಗಳಲ್ಲಿ ಸಿಗುತ್ತದೆ.

ಮನೆಯ ಬೆಳ್ಳಿ, ದೇವರ ಬೆಳ್ಳಿ

ರಾಜಾಜಿನಗರ, ವಿಜಯನಗರ, ಬಸವೇಶ್ವರನಗರಗಳು ಬಹುಮಟ್ಟಿಗೆ ಸ್ವಾತಂತ್ರ್ಯಾನಂತರ ಬೆಳೆದ ಬಡಾವಣೆಗಳು. ಅಲ್ಲಿಗೆ ಪೇಟೆಯಿಂದ, ಮೈಸೂರು, ಮಂಡ್ಯ, ಹಾಸನ, ತುಮಕೂರಿನ ಕಡೆಗಳಿಂದ ಬಂದ ಕುಟುಂಬಗಳ ಜೊತೆ ಅವರ ಬೆಳ್ಳಿಯೂ ಬಂತು: ಪಂಚಪಾತ್ರೆ ಉದ್ಧರಣೆ, ಕುಂಕುಮ ಭರಣಿ, ಪನ್ನೀರುದಾನಿ, ತಾಂಬೂಲದ ತಟ್ಟೆ, ಮಗುವಿಗೆ ಹಾಲು ಕುಡಿಸುವ ಒಳಲೆ, ಉಡಿದಾರ, ಕಾಲ್ಗೆಜ್ಜೆ. ಇವುಗಳ ಮೇಲೆ ಸಿಗುವ ಬರಹ ಬಹುಪಾಲು ಕನ್ನಡದಲ್ಲೇ ಇರುತ್ತದೆ. ಹೆಸರಿನ ಮೊದಲಕ್ಷರಗಳು, ಮದುವೆ ಅಥವಾ ನಾಮಕರಣದ ದಿನ, ಕೊಟ್ಟವರ ಹೆಸರು. ಸ್ಟೀಲ್ ಪಾತ್ರೆಗೂ ಹೆಸರು ಹಾಕಿಸಿಕೊಂಡು ಬರುವ ನಮ್ಮ ರೂಢಿ ಇದರದೇ ಮುಂದುವರಿಕೆ. ತಯಾರಕನ ಗುರುತು ಹುಡುಕಿ ನಿರಾಶರಾದವರು ಈ ಬರಹವನ್ನು ಬದಿಗೆ ಸರಿಸುತ್ತಾರೆ. ಹಾಗೆ ಮಾಡಬಾರದು, ಏಕೆಂದರೆ ಕಾಲನಿರ್ಣಯಕ್ಕೆ ಇದಕ್ಕಿಂತ ಗಟ್ಟಿಯಾದ ಆಧಾರ ಅಪರೂಪ. ಒಂದು ಎಚ್ಚರ ಮಾತ್ರ ಬೇಕು. ಹಳೆಯ ತಟ್ಟೆಗೆ ಹೊಸ ಮದುವೆಯ ದಿನಾಂಕ ಕೆತ್ತಿಸಿ ಉಡುಗೊರೆ ಕೊಟ್ಟಿರಬಹುದು. ಕೆತ್ತನೆಯ ಅಂಚು ಹರಿತವಾಗಿದ್ದು ಸುತ್ತಲಿನ ಮೈ ಸವೆದಿದ್ದರೆ ಬರಹ ತಟ್ಟೆಗಿಂತ ಕಿರಿಯದು.

ಬರಹದ ಪಕ್ಕ ತೂಕವಿದ್ದರೆ ಇನ್ನೂ ಒಳ್ಳೆಯದು. ತೊಲದಲ್ಲೋ ರೂಪಾಯಿ ತೂಕದಲ್ಲೋ ಬರೆದಿದ್ದರೆ ಅದು ಸಾಮಾನ್ಯವಾಗಿ 1960ರ ದಶಕದ ಆರಂಭದಲ್ಲಿ ಮೆಟ್ರಿಕ್ ತೂಕ ಕಡ್ಡಾಯವಾಗುವುದಕ್ಕೆ ಮುಂಚಿನದು. ಒಂದು ತೊಲವೆಂದರೆ ಬ್ರಿಟಿಷ್ ಭಾರತದ ಒಂದು ಬೆಳ್ಳಿ ರೂಪಾಯಿಯ ತೂಕ, 11.66 ಗ್ರಾಂ. ಈಗ ತೂಗಿ ನೋಡಿ ಬರೆದ ತೂಕದೊಂದಿಗೆ ಹೋಲಿಸಬೇಕು. ಸ್ವಲ್ಪ ಇಳಿದಿದ್ದರೆ ಉಜ್ಜಿ ಉಜ್ಜಿ ಸವೆದದ್ದು; ಬಹಳ ವ್ಯತ್ಯಾಸವಿದ್ದರೆ ಮುಚ್ಚಳವೋ ಹಿಡಿಯೋ ಹೋಗಿರಬೇಕು ಅಥವಾ ಬೇರೆ ಭಾಗ ಬೆಸೆದಿರಬೇಕು. ರೂಪಾಯಿಗಳನ್ನೇ ಕರಗಿಸಿ ಮಾಡಿದ ಪಾತ್ರೆಗಳು ಹಿಂದೆ ಸಾಮಾನ್ಯವಾಗಿದ್ದವು. 1940ರವರೆಗಿನ ರೂಪಾಯಿಯಲ್ಲಿ ನೂರಕ್ಕೆ 91.7 ಪಾಲು ಬೆಳ್ಳಿಯಿತ್ತು, ಅಲ್ಲಿಂದ ಅದು ಅರ್ಧಕ್ಕೆ ಇಳಿಯಿತು. ಹಾಗಾಗಿ ಯಾವ ಮುದ್ರೆಯೂ ಇಲ್ಲದ ಹಳೆಯ ಪಾತ್ರೆ ಇಂಗ್ಲಿಷ್ ಸ್ಟರ್ಲಿಂಗ್‌ನ 92.5ಕ್ಕೆ ಹತ್ತಿರದ ಶುದ್ಧತೆ ತೋರಿಸಿದರೆ ಅಚ್ಚರಿಪಡಬೇಕಿಲ್ಲ.

ದೇವಾಲಯಗಳ ಬೆಳ್ಳಿಬಂಗಾರದಲ್ಲೂ ದಾನಿಯ ಹೆಸರೇ ಮುಂದು. ನಂಜನಗೂಡು ತಾಲ್ಲೂಕು ಕಳಲೆಯ ಲಕ್ಷ್ಮೀಕಾಂತ ದೇವಾಲಯದ ಬೆಳ್ಳಿ ಬಟ್ಟಲುಗಳ ಮೇಲಿನ ಬರಹ ಅವು ಟಿಪ್ಪುವಿನ ಕೊಡುಗೆಯೆಂದು ಹೇಳುತ್ತದೆ. ಚಾಮುಂಡಿ ಬೆಟ್ಟದ ದೇವಿಗೆ ಮುಮ್ಮಡಿ ಕೃಷ್ಣರಾಜ ಒಡೆಯರು ಅರ್ಪಿಸಿದ ನಕ್ಷತ್ರಮಾಲಿಕೆ ಎಂಬ ಆಭರಣದ ಮೇಲೆ 30 ಸಂಸ್ಕೃತ ಶ್ಲೋಕಗಳನ್ನೇ ಕೆತ್ತಲಾಗಿದೆ. ಅಷ್ಟು ಅಕ್ಷರಗಳನ್ನು ಚಿನ್ನದಲ್ಲಿ ತಪ್ಪಿಲ್ಲದೆ ಕೆತ್ತಿದ ಕೈ ಯಾರದೆಂದು ಆ ಆಭರಣದ ಖ್ಯಾತಿಯಲ್ಲಿ ಎಲ್ಲೂ ಕೇಳಿಬರುವುದಿಲ್ಲ. ಕೊಟ್ಟವರನ್ನು ಚರಿತ್ರೆ ನೆನಪಿಟ್ಟುಕೊಂಡಷ್ಟು ಮಾಡಿದವರನ್ನು ಇಟ್ಟುಕೊಳ್ಳಲಿಲ್ಲ.

ದಂಡಿನ ಬೆಳ್ಳಿ

ಬೆಂಗಳೂರಿನಲ್ಲಿ ತಯಾರಕರ ಅಥವಾ ಅಂಗಡಿಯ ಗುರುತು ನಿಯಮಿತವಾಗಿ ಕಾಣಿಸಿಕೊಳ್ಳುವುದು ದಂಡುಪ್ರದೇಶದ ವ್ಯಾಪಾರದಿಂದ. ಅಧಿಕಾರಿಗಳ ಊಟದ ಮೇಜು, ಪಂದ್ಯದ ಬಟ್ಟಲು, ವರ್ಗವಾಗಿ ಹೋಗುವವರಿಗೆ ಕೊಡುವ ತಟ್ಟೆಗಳಿಗೆ ಬೇಡಿಕೆಯಿತ್ತು. ಸೌತ್ ಪೆರೇಡ್, ಅಂದರೆ ಇಂದಿನ ಎಂ.ಜಿ. ರಸ್ತೆಯ ಬಾರ್ಟನ್ ಅಂಗಡಿ ಬೆಳ್ಳಿ, ಒಡವೆಗಳಿಗೆ ಹೆಸರಾಗಿತ್ತು. ಅದರ ಹೆಸರು ಬಾರ್ಟನ್ ಸೆಂಟರ್ ಕಟ್ಟಡದಲ್ಲಿ ಉಳಿದಿದೆ. ಸಿ. ಕೃಷ್ಣಯ್ಯ ಚೆಟ್ಟಿ ಸಂಸ್ಥೆ 1869ರಲ್ಲಿ ಆರಂಭವಾಗಿ ಮೈಸೂರು ಅರಮನೆಗೂ ಒಡವೆ ಒದಗಿಸಿತು. ಮದರಾಸಿನ ಪಿ. ಓರ್ ಅಂಡ್ ಸನ್ಸ್, ಕಲ್ಕತ್ತೆಯ ಹ್ಯಾಮಿಲ್ಟನ್, ಕುಕ್ ಅಂಡ್ ಕೆಲ್ವಿ ಇವುಗಳ ಸಾಮಾನೂ ಬೆಂಗಳೂರಿಗೆ ಬರುತ್ತಿತ್ತು. ದೇವತೆಗಳನ್ನು ಸಾಲಾಗಿ ಉಬ್ಬುಗೆಲಸದಲ್ಲಿ ತೋರಿಸುವ 'ಸ್ವಾಮಿ' ಮಾದರಿಯ ಚಹಾಪಾತ್ರೆಗಳು ಮದರಾಸು, ಬೆಂಗಳೂರುಗಳ ವಿಶಿಷ್ಟ ಕೆಲಸ. ಗುಜರಾತಿನ ಭುಜ್‌ನ ಊಮರ್ಸಿ ಮಾವ್‌ಜಿ ತನ್ನ ಹೆಸರಿನ ಎರಡು ಅಕ್ಷರಗಳನ್ನು ಒತ್ತುತ್ತಿದ್ದ. ಭಾರತೀಯ ಬೆಳ್ಳಿಗಾರನೊಬ್ಬ ತನ್ನದೇ ಗುರುತಿನಿಂದ ಜಗತ್ತಿಗೆ ಪರಿಚಿತನಾದ ವಿರಳ ನಿದರ್ಶನವಿದು. ಉಳಿದ ಕಡೆ ದೊಡ್ಡ ಅಂಗಡಿಯ ಹೆಸರಿನ ಹಿಂದೆ ದೇಶೀಯ ಅಕ್ಕಸಾಲಿಗರ ಕೈಗಳಿದ್ದವು. ಹಾಗಾಗಿ ತಟ್ಟೆಯ ತಳದ 'ಬೆಂಗಳೂರು' ಎಂಬ ಅಚ್ಚು ಮಾರಿದ ಜಾಗವನ್ನು ಖಚಿತಪಡಿಸುತ್ತದೆ, ಮಾಡಿದ ಕೈಯನ್ನಲ್ಲ.

ಬ್ರಿಟಿಷ್ ಆಳ್ವಿಕೆಯ ಭಾರತದಲ್ಲಿ ಬೆಳ್ಳಿಯನ್ನು ಪರೀಕ್ಷಿಸಿ ಮುದ್ರೆ ಹಾಕುವ ಸರ್ಕಾರಿ ಕಚೇರಿ ಇರಲಿಲ್ಲ. ಇದನ್ನು ನೆನಪಿಟ್ಟರೆ ಅರ್ಧ ಗೊಂದಲ ಕರಗುತ್ತದೆ. ಇಲ್ಲಿನ ಅಂಗಡಿಗಳು ಗಿರಾಕಿಗಳಿಗೆ ಪರಿಚಿತವಾಗಿ ಕಾಣಲೆಂದು ಇಂಗ್ಲಿಷ್ ಮುದ್ರೆಗಳ ಸಾಲನ್ನು ಹೋಲುವ ಚಿಹ್ನೆಗಳನ್ನು ತಾವೇ ಹೊಡೆದುಕೊಂಡವು. ಹ್ಯಾಮಿಲ್ಟನ್‌ನ ಸಾಲಿನಲ್ಲಿ ಆನೆಯಿದೆ. ಅವು ಕಾನೂನಿನ ಬಲವಿಲ್ಲದ ಅಲಂಕಾರಗಳು.

ಅಸಲಿ ಇಂಗ್ಲಿಷ್ ಸಾಲನ್ನು ಓದುವುದು ಕಲಿತರೆ ಕಷ್ಟವಲ್ಲ. ನಡೆಯುವ ಸಿಂಹ 1544ರಿಂದ ಬಂದದ್ದು, ಸ್ಟರ್ಲಿಂಗ್ ಶುದ್ಧತೆಯ ಗುರುತು. ಚಿರತೆಯ ತಲೆ ಲಂಡನ್, ಲಂಗರು ಬರ್ಮಿಂಗ್‌ಹ್ಯಾಮ್, ಕಿರೀಟ ಶೆಫೀಲ್ಡ್. ಶೆಫೀಲ್ಡ್‌ನ ಕಿರೀಟ 1975ರಲ್ಲಿ ಗುಲಾಬಿಯಾಯಿತು. ಒಂದು ಅಕ್ಷರ ವರ್ಷವನ್ನು ಹೇಳುತ್ತದೆ. ಲಂಡನ್ನಿನಲ್ಲಿ ಇದು 1478ರಿಂದ ನಡೆದುಬಂದಿದೆ, ಅದೇ ಅಕ್ಷರ ಸುತ್ತಿ ಸುತ್ತಿ ಬರುವುದರಿಂದ ಅಕ್ಷರದ ಶೈಲಿ ಮತ್ತು ಅದರ ಸುತ್ತಲ ಗುರಾಣಿಯ ಆಕಾರ ಎರಡನ್ನೂ ಪಟ್ಟಿಯೊಂದಿಗೆ ತಾಳೆ ನೋಡಬೇಕು. ರಾಜನ ಅಥವಾ ರಾಣಿಯ ತಲೆ ಇದ್ದರೆ ಸಾಮಾನ್ಯವಾಗಿ ಸುಂಕ ಕಟ್ಟಿದ ಗುರುತು, 1784ರಿಂದ 1890ರ ಒಳಗಿನದು. ಉಳಿದ ಎರಡು ಮೂರು ಅಕ್ಷರಗಳೇ ತಯಾರಕ. ಫ್ರಾನ್ಸಿನ ಬೆಳ್ಳಿಯಲ್ಲಿ 1838ರಿಂದ ಮಿನರ್ವಾ ದೇವಿಯ ತಲೆ, ಜರ್ಮನಿಯದರಲ್ಲಿ 1888ರಿಂದ ಅರ್ಧಚಂದ್ರ ಮತ್ತು ಕಿರೀಟದ ಜೊತೆ 800 ಮುಂತಾದ ಅಂಕಿ ಕಾಣುತ್ತವೆ.

ಇಪಿಎನ್‌ಎಸ್ ಎಂಬ ನಾಲ್ಕು ಅಕ್ಷರಗಳು ಬೆಂಗಳೂರಿನ ಹಳೆಯ ಚಹಾಪಾತ್ರೆ, ಚಮಚಗಳ ಮೇಲೆ ಧಾರಾಳವಾಗಿ ಸಿಗುತ್ತವೆ. ಒಳಗೆ ನಿಕ್ಕಲ್ ಮಿಶ್ರಲೋಹ, ಮೇಲೆ ವಿದ್ಯುತ್ತಿನಿಂದ ಕೂರಿಸಿದ ತೆಳು ಬೆಳ್ಳಿ ಲೇಪ ಎಂದು ಅರ್ಥ. ಎಲ್ಕಿಂಗ್ಟನ್ ಸಂಸ್ಥೆ 1840ರಲ್ಲಿ ಈ ಲೇಪನದ ಹಕ್ಕು ಪಡೆದ ಮೇಲೆ ಇದು ಹರಡಿತು, ಆದ್ದರಿಂದ ಅದಕ್ಕೂ ಹಿಂದಿನದೆಂದು ಯಾರಾದರೂ ಹೇಳಿದರೆ ನಂಬುವಂತಿಲ್ಲ. ಲೇಪದ ಕಂಪನಿಗಳು ತಮ್ಮ ಅಕ್ಷರಗಳನ್ನು ಪ್ರತ್ಯೇಕ ಗುರಾಣಿಗಳಲ್ಲಿ ಸಾಲಾಗಿ ಒತ್ತಿ ನಿಜವಾದ ಬೆಳ್ಳಿ ಮುದ್ರೆಯಂತೆ ತೋರುವಂತೆ ಮಾಡುತ್ತಿದ್ದವು. ಸಿಂಹ ಇದೆಯೇ ಎಂದು ಮೊದಲು ನೋಡಬೇಕು. ನಮ್ಮಲ್ಲಿ ಜರ್ಮನ್ ಸಿಲ್ವರ್ ಎಂದು ಮಾರುವ ತಾಮ್ರ, ನಿಕ್ಕಲ್, ಸತುವಿನ ಮಿಶ್ರಣದಲ್ಲಿ ಬೆಳ್ಳಿಯೇ ಇಲ್ಲ.

ಸ್ಥಳೀಯ ವಸ್ತುವಿನ ಕಾಲ ಹಿಡಿಯಲು ಅದರ ಪೆಟ್ಟಿಗೆಯೂ ಸಾಕ್ಷಿ. ಮಖಮಲ್ಲಿನ ಡಬ್ಬಿಯ ಒಳಮುಚ್ಚಳದಲ್ಲಿ ಅಂಗಡಿಯ ವಿಳಾಸ ಅಚ್ಚಾಗಿರುತ್ತದೆ. ಸಿವಿಲ್ ಅಂಡ್ ಮಿಲಿಟರಿ ಸ್ಟೇಷನ್ ಎಂದಿದ್ದರೆ ಆ ದಂಡುಪ್ರದೇಶ 1947ರಲ್ಲಿ ಮೈಸೂರಿಗೆ ಮರಳುವುದಕ್ಕೆ ಮುಂಚಿನ ಡಬ್ಬಿಯಿರಬೇಕು. ಮೈಸೂರು ರಾಜ್ಯ ಎಂದಿದ್ದರೆ 1973ರ ನವೆಂಬರ್‌ಗೆ ಹಿಂದಿನದು. ರಾಜಾಜಿನಗರ, ಬೆಂಗಳೂರು-10 ಎಂಬ ಚಿಕ್ಕ ಸಂಖ್ಯೆ ಸಾಮಾನ್ಯವಾಗಿ ಹಳೆಯದು. 560010 ಎಂದು ಆರು ಅಂಕಿ ಇದ್ದರೆ ಪಿನ್‌ಕೋಡ್ ಜಾರಿಗೆ ಬಂದ 1972ರ ಆಗಸ್ಟ್ ನಂತರದ್ದು. ವಿಜಯನಗರದ 560040, ಕೆಂಗೇರಿಯ 560060, ಜ್ಞಾನಭಾರತಿಯ 560056ಕ್ಕೂ ಇದೇ ಲೆಕ್ಕ. ಡಬ್ಬಿ ಮತ್ತು ಒಡವೆ ಒಂದೇ ಕಾಲದವೇ ಎಂದು ಒಡವೆ ಅದರ ಗುಳಿಯಲ್ಲಿ ಸರಿಯಾಗಿ ಕೂರುವುದನ್ನು ನೋಡಿ ನಿರ್ಧರಿಸಬೇಕು.

ಪಿಂಗಾಣಿ

ಚೀನಾದ ಪಿಂಗಾಣಿ ಕರ್ನಾಟಕಕ್ಕೆ ಬಂದದ್ದು ಬಹಳ ಹಿಂದೆ. ಹಂಪಿಯ ಉತ್ಖನನದಲ್ಲಿ ಅದರ ಚೂರುಗಳು ಸಿಕ್ಕಿವೆ. ಚೀನಾದ ಬಟ್ಟಲಿನ ಅಡಿಯಲ್ಲಿ ನೀಲಿಯಲ್ಲಿ ಬರೆದ ನಾಲ್ಕು ಅಥವಾ ಆರು ಅಕ್ಷರಗಳು ರಾಜವಂಶ ಮತ್ತು ಚಕ್ರವರ್ತಿಯ ಆಳ್ವಿಕೆಯನ್ನು ಹೆಸರಿಸುತ್ತವೆ. ಮೇಲಿಂದ ಕೆಳಗೆ, ಬಲದಿಂದ ಎಡಕ್ಕೆ ಓದಬೇಕು. ಆದರೆ ಹಿಂದಿನ ಚಕ್ರವರ್ತಿಯ ಕಾಲದ ಕೆಲಸಕ್ಕೆ ಗೌರವ ತೋರಿಸಲು ಮುಂದಿನ ಕುಶಲಕರ್ಮಿಗಳು ಅವನ ಹೆಸರನ್ನೇ ಬರೆಯುತ್ತಿದ್ದರು. ಮಿಂಗ್ ವಂಶದ ಚೆಂಗ್‌ಹುವಾನ ಹೆಸರು ಎರಡು ಮೂರು ಶತಮಾನ ಕಿರಿಯ ಪಾತ್ರೆಗಳ ಮೇಲೂ ಇದೆ. ಜರ್ಮನಿಯ ಮೈಸೆನ್ ಕಾರ್ಖಾನೆಯ ಅಡ್ಡಕತ್ತಿಗಳ ಗುರುತು 1720ರ ದಶಕದಿಂದ ಇಂದಿನವರೆಗೂ ನಡೆದಿದೆ, ಅದರಷ್ಟು ನಕಲಾದ ಗುರುತು ಇನ್ನೊಂದಿಲ್ಲ. ಪಿಂಗಾಣಿಯಲ್ಲಿ ಮಣ್ಣು, ಹೊಳಪು, ತಳದ ಅಂಚಿನ ಒರಟುತನ ಇವುಗಳನ್ನು ಮೊದಲು ನೋಡಿ ಗುರುತನ್ನು ಕೊನೆಗೆ ನೋಡುವುದೇ ಸರಿ.

ಬೆಂಗಳೂರು, ಮೈಸೂರಿನ ಮನೆಗಳಲ್ಲಿ ಸಾಮಾನ್ಯವಾಗಿ ಸಿಗುವುದು ಇಂಗ್ಲಿಷ್ ಮತ್ತು ಜಪಾನಿ ಸಾಮಾನು. ಇಂಗ್ಲಿಷ್ ತಟ್ಟೆಯ ಹಿಂದೆ ವಜ್ರಾಕಾರದ ಚಿಹ್ನೆಯೊಳಗೆ ಅಕ್ಷರ, ಅಂಕಿಗಳಿದ್ದರೆ ಅದು 1842ರಿಂದ 1883ರವರೆಗಿನ ವಿನ್ಯಾಸ ನೋಂದಣಿ. ಆಮದು ಸಾಮಾನಿನ ಮೇಲೆ ದೇಶದ ಹೆಸರು ಇರಲೇಬೇಕೆಂದು ಅಮೆರಿಕ ಕಾನೂನು ಮಾಡಿದ್ದರಿಂದ 1891ರಿಂದ 'ಇಂಗ್ಲೆಂಡ್' ಎಂಬ ಪದ ನಿಯಮವಾಗಿ ಬರತೊಡಗಿತು. ಅದೇ ಕಾರಣಕ್ಕೆ ಜಪಾನಿನ ಪಿಂಗಾಣಿಯಲ್ಲಿ 'ನಿಪ್ಪಾನ್' ಬಂತು; 1921ರಲ್ಲಿ ಅದು 'ಜಪಾನ್' ಆಯಿತು. ದಸರಾ ಬೊಂಬೆಗಳ ಸಾಲಿನ ಒಂದು ಪುಟ್ಟ ಪಿಂಗಾಣಿ ಬೊಂಬೆಯನ್ನು ಎತ್ತಿ ಅಡಿ ನೋಡಿದಾಗ 'ಆಕ್ಯುಪೈಡ್ ಜಪಾನ್' ಎಂಬ ಕೆಂಪು ಅಥವಾ ಕಪ್ಪು ಅಚ್ಚು ಕಂಡರೆ, ಎರಡನೇ ಮಹಾಯುದ್ಧದಲ್ಲಿ ಸೋತು ಅಮೆರಿಕದ ಸೈನ್ಯದ ಅಧೀನದಲ್ಲಿದ್ದ ಜಪಾನಿನಿಂದ, 1952ರ ಒಳಗೆ ಹೊರಟ ಬೊಂಬೆ ಅದು. ಇಷ್ಟು ಕಿರಿದಾದ ಕಾಲಾವಧಿಯನ್ನು ಹೇಳುವ ಗುರುತು ಪಿಂಗಾಣಿಯಲ್ಲಿ ಕಡಿಮೆ. ಜರ್ಮನಿಯ ಬೊಂಬೆಗಳಿಗೆ ಕತ್ತಿನ ಹಿಂದೆ ಅಚ್ಚಿನ ಸಂಖ್ಯೆ ಮಾತ್ರ ಇರುವುದುಂಟು, ಮುಡಿಯ ಕೆಳಗೆ ಬೆರಳಾಡಿಸಿದರೆ ತಿಳಿಯುತ್ತದೆ.

ಉಪ್ಪಿನಕಾಯಿ ಜಾಡಿಗಳನ್ನು ಯಾರೂ ಪುರಾತನ ವಸ್ತುವೆಂದು ಎಣಿಸುವುದಿಲ್ಲ, ಆದರೆ ಅವುಗಳ ಅಡಿಯಲ್ಲೂ ಹೆಸರಿರುತ್ತದೆ. ಕಲ್ಕತ್ತೆಯ ಬೆಂಗಾಲ್ ಪಾಟರೀಸ್, ಗ್ವಾಲಿಯರ್ ಪಾಟರೀಸ್ ಮುಂತಾದವು ದೇಶದ ಎಲ್ಲೆಡೆಗೆ ಸಾಮಾನು ಕಳಿಸಿದವು. ಬೆಂಗಳೂರಿನದೇ ಪಿಂಗಾಣಿ ಬೇಕೆಂದರೆ ವಿದ್ಯುತ್ ಕಂಬದ ಕಡೆ ನೋಡಬೇಕು. ಮೈಸೂರು ಸರ್ಕಾರ 1930ರ ದಶಕದಲ್ಲಿ ಮಲ್ಲೇಶ್ವರದ ಬಳಿ ತೆರೆದ ಪಿಂಗಾಣಿ ಕಾರ್ಖಾನೆಯ ಮುಖ್ಯ ಉತ್ಪನ್ನ ವಿದ್ಯುತ್ ತಂತಿಯ ಇನ್ಸುಲೇಟರ್. ಮುಂದೆ ಅದು ಮೈಸೂರು ಪೋರ್ಸಲೇನ್ಸ್ ಆಗಿ 1976ರಲ್ಲಿ ಬಿಎಚ್‌ಇಎಲ್‌ಗೆ ಸೇರಿತು.

ಮಂಗಳೂರು ಹೆಂಚಿನ ಮಾತು ಇಲ್ಲಿ ಬರಲೇಬೇಕು. ಹೆಂಚು ಪಿಂಗಾಣಿಯಲ್ಲ, ಆದರೂ ಕರ್ನಾಟಕದಲ್ಲಿ ತಯಾರಕರ ಗುರುತನ್ನು ಓದಲು ಕಲಿಯಬೇಕಾದವರಿಗೆ ಅದಕ್ಕಿಂತ ಒಳ್ಳೆಯ ಪಾಠವಿಲ್ಲ. ಹೆಂಚಿನ ಮೇಲೆ ಕಾರ್ಖಾನೆಯ ಹೆಸರು, ಊರು, ಒಂದು ವರ್ಷ ಅಚ್ಚಾಗಿರುತ್ತದೆ: ಬಾಸೆಲ್ ಮಿಷನ್ 1865, ಆಲ್ಬುಕರ್ಕ್ ಅಂಡ್ ಸನ್ಸ್ 1868. ಮಾಡು ಬಿಚ್ಚಿಸಿದವರು ಇದನ್ನು ನೋಡಿ ತಮ್ಮ ಮನೆ 1865ರದೆಂದು ಹೇಳುವುದುಂಟು. ಅದು ಕಾರ್ಖಾನೆ ಶುರುವಾದ ವರ್ಷ, ಹೆಂಚು ಸುಟ್ಟ ವರ್ಷವಲ್ಲ. ಯುರೋಪಿನ ಪಿಂಗಾಣಿಯ ಮೇಲೆ, ಒಡವೆ ಅಂಗಡಿಗಳ ಡಬ್ಬಿಯ ಮೇಲೆ ಇರುವ ಹಳೆಯ ಇಸವಿಗಳಿಗೂ ಇದೇ ಮಾತು ಅನ್ವಯಿಸುತ್ತದೆ. ಬಾಸೆಲ್ ಮಿಷನ್ನಿನ ಹೆಂಚಿನ ಕಾರ್ಖಾನೆಗಳು ಮೊದಲ ಮಹಾಯುದ್ಧದ ನಂತರ ಕಾಮನ್‌ವೆಲ್ತ್ ಟ್ರಸ್ಟಿನ ಕೈಸೇರಿದವು. ಆದ್ದರಿಂದ ಹೆಂಚಿನ ಕಾಲವನ್ನು ಅದರ ಮೇಲಿನ ಇಸವಿಗಿಂತ ಒಡೆತನದ ಹೆಸರು ಚೆನ್ನಾಗಿ ಹೇಳುತ್ತದೆ.

ಒಡವೆ

ಹಳೆಯ ಅಡ್ಡಿಕೆ, ಡಾಬು, ವಂಕಿ, ಬುಗುಡಿ, ಜಡೆಬಿಲ್ಲೆ, ಕೊಡಗಿನ ಜೋಮಾಲೆ, ಕೊಕ್ಕೆತಾತಿಗಳಲ್ಲಿ ತಯಾರಕರ ಗುರುತು ಹುಡುಕಿದರೆ ಸಿಗುವುದು ಕಡಿಮೆ. ಅಲ್ಲಿ ಬೆನ್ನಿನ ಕೆಲಸವೇ ಓದಬೇಕಾದ ಬರಹ: ಕಲ್ಲು ಕೂರಿಸಿದ ಗೂಡು ಮುಚ್ಚಿದೆಯೋ ತೆರೆದಿದೆಯೋ, ಟೊಳ್ಳಿನೊಳಗೆ ಅರಗು ತುಂಬಿದೆಯೋ, ತಿರುಪಿನ ಸುತ್ತು ಕೈಯಲ್ಲಿ ಕೊರೆದದ್ದೋ ಯಂತ್ರದ್ದೋ. ಯಂತ್ರದ ಸಮನಾದ ತಿರುಪು ಹಳೆಯ ಓಲೆಗೆ ಆಮೇಲೆ ಬಂದಿರಲೂಬಹುದು. 20ನೇ ಶತಮಾನದಲ್ಲಿ ಅಂಗಡಿಗಳು ಬೆಳೆದಂತೆ ಕೊಂಡಿ, ತಿರುಪುಗಳ ಮೇಲೆ ಎರಡು ಮೂರು ಅಕ್ಷರಗಳ ಅಚ್ಚು ಬರತೊಡಗಿತು. ಅಂಗಡಿ ಮುಚ್ಚಿದ್ದರೆ ಆ ಅಕ್ಷರಗಳನ್ನು ಬಿಡಿಸಲು ಅದೇ ಮನೆಯ ಹಳೆಯ ರಸೀದಿಯೇ ಗತಿ.

ನಾಣ್ಯಗಳನ್ನೇ ಪೋಣಿಸಿದ ಕಾಸಿನ ಸರದಲ್ಲಿ ಮಾತ್ರ ಪ್ರತಿಯೊಂದು ಕಾಸೂ ತನ್ನ ಇಸವಿಯನ್ನು ತಾನೇ ಹೊತ್ತಿರುತ್ತದೆ. ಸವರನ್ ಕಾಸುಗಳಿದ್ದರೆ ಕುದುರೆ ಸವಾರನ ಬದಿಯನ್ನು ಭೂತಗನ್ನಡಿಯಲ್ಲಿ ನೋಡಬೇಕು. ಇಸವಿಯ ಮೇಲೆ ನೆಲದ ಗೆರೆಯಲ್ಲಿ ಒಂದು ಚಿಕ್ಕ ಅಕ್ಷರ ಇರಬಹುದು, ಅದು ಟಂಕಸಾಲೆಯ ಗುರುತು. ಅಲ್ಲಿ ಇಂಗ್ಲಿಷಿನ 'ಐ' ಇದ್ದು ಇಸವಿ 1918 ಆಗಿದ್ದರೆ ಅದು ಮುಂಬಯಿಯಲ್ಲಿ ಅಚ್ಚಾದದ್ದು. ಬ್ರಿಟಿಷ್ ಆಳ್ವಿಕೆಯಲ್ಲಿ ಮುಂಬಯಿ ಸವರನ್ ಅಚ್ಚು ಹಾಕಿದ್ದು ಆ ಒಂದೇ ಇಸವಿಯಲ್ಲಿ. ಅಸಲಿ ಸವರನ್ 22 ಕ್ಯಾರಟ್, ತೂಕ ಸುಮಾರು 7.99 ಗ್ರಾಂ; ಬಳೆ ಬೆಸೆದಿರುವುದರಿಂದ ಸರದ ಕಾಸನ್ನು ತೂಗಿದಾಗ ಇದಕ್ಕಿಂತ ತುಸು ಹೆಚ್ಚಿರುತ್ತದೆ. ಸರದಲ್ಲಿರುವ ಅತ್ಯಂತ ಈಚಿನ ಇಸವಿಯೇ ಮುಖ್ಯ: ಈಗಿರುವ ರೂಪದಲ್ಲಿ ಸರ ಅದಕ್ಕಿಂತ ಹಳೆಯದಾಗಿರಲು ಸಾಧ್ಯವಿಲ್ಲ. ಅಕ್ಕಸಾಲಿಗರೇ ಅಚ್ಚು ಹಾಕಿದ ಲಕ್ಷ್ಮಿಕಾಸುಗಳಿಗೆ ಈ ಸೌಲಭ್ಯವಿಲ್ಲ.

ಇಂಗ್ಲಿಷ್ ಒಡವೆಗಳಲ್ಲಿ 15 ಕ್ಯಾರಟ್ ಎಂದಿದ್ದರೆ 1854ರಿಂದ 1932ರೊಳಗಿನದು, ಆ ಮಟ್ಟವನ್ನು ಆಮೇಲೆ ಕೈಬಿಡಲಾಯಿತು. ಭಾರತದಲ್ಲಿ 14 ಕ್ಯಾರಟ್ ಎಂಬ ಅಚ್ಚಿನ ಹಿಂದೆ ಬೇರೆಯೇ ಕಥೆಯಿರಬಹುದು. 1963ರ ಜನವರಿಯ ಚಿನ್ನ ನಿಯಂತ್ರಣ ನಿಯಮ 14 ಕ್ಯಾರಟ್‌ಗಿಂತ ಶುದ್ಧ ಒಡವೆ ಮಾಡುವುದನ್ನು ನಿಷೇಧಿಸಿತು. ಸಾವಿರಾರು ಅಕ್ಕಸಾಲಿಗರ ಕಸುಬು ಕೆಟ್ಟಿತು. ಆ ಮಿತಿ ಕೆಲವೇ ವರ್ಷಗಳಲ್ಲಿ ಸಡಿಲವಾದರೂ ಚಿನ್ನ ನಿಯಂತ್ರಣದ ಕಾನೂನು 1990ರವರೆಗೂ ಉಳಿಯಿತು. ಮುಂದಿನ ಕಾಲದ ಕೆಡಿಎಂ ಅಚ್ಚು ಬೆಸುಗೆಯಲ್ಲಿ ಕ್ಯಾಡ್ಮಿಯಂ ಬಳಸಿದ್ದನ್ನು ಸೂಚಿಸುತ್ತದೆ. ಅದು ಸರ್ಕಾರದ ಮುದ್ರೆಯಲ್ಲ. ಕ್ಯಾಡ್ಮಿಯಂನ ಹೊಗೆ ಕೆಲಸಗಾರರ ಆರೋಗ್ಯಕ್ಕೆ ಮಾರಕವೆಂದು ತಿಳಿದ ಮೇಲೆ ಆ ಪದ್ಧತಿ ಹಿಂದೆ ಸರಿಯಿತು.

ಶುದ್ಧತೆಗೆ ಸರ್ಕಾರವೇ ಹೊಣೆ ಹೊರುವ ಮುದ್ರೆ ಬಂದದ್ದು 2000ದ ಏಪ್ರಿಲ್‌ನಲ್ಲಿ, ಭಾರತೀಯ ಮಾನಕ ಬ್ಯೂರೋ (ಬಿಐಎಸ್) ಚಿನ್ನಕ್ಕೆ ಹಾಲ್‌ಮಾರ್ಕ್ ಆರಂಭಿಸಿದಾಗ, ಬೆಳ್ಳಿಗೆ 2005ರಲ್ಲಿ. ಮೊದಲ ಕಾಲದ ಚಿನ್ನದಲ್ಲಿ ಐದು ಗುರುತುಗಳಿರುತ್ತವೆ: ಬಿಐಎಸ್‌ನ ತ್ರಿಕೋನ, 916ರಂತಹ ಶುದ್ಧತೆಯ ಅಂಕಿ, ಪರೀಕ್ಷಾ ಕೇಂದ್ರದ ಚಿಹ್ನೆ, ವರ್ಷದ ಅಕ್ಷರ, ಅಂಗಡಿಯ ಗುರುತು. ವರ್ಷದ ಅಕ್ಷರ 2000ಕ್ಕೆ 'ಎ', 2001ಕ್ಕೆ 'ಬಿ' ಎಂದು ಸಾಗಿ 2017ರ ಆರಂಭದಲ್ಲಿ ನಿಂತಿತು. 2021ರ ಜೂನ್‌ನಲ್ಲಿ 256 ಜಿಲ್ಲೆಗಳಲ್ಲಿ ಚಿನ್ನಕ್ಕೆ ಹಾಲ್‌ಮಾರ್ಕ್ ಕಡ್ಡಾಯವಾಯಿತು. ಜುಲೈನಿಂದ ಪ್ರತಿ ಒಡವೆಗೂ ಆರು ಅಕ್ಷರಾಂಕಿಗಳ ಪ್ರತ್ಯೇಕ ಗುರುತು, ಅಂದರೆ ಎಚ್‌ಯುಐಡಿ ಬಂತು. 2023ರ ಏಪ್ರಿಲ್ 1ರಿಂದ ಅದಿಲ್ಲದೆ ಅಂಗಡಿಯವರು ಮಾರುವಂತಿಲ್ಲ. ಬಿಐಎಸ್ ಕೇರ್ ಆ್ಯಪ್‌ನಲ್ಲಿ ಅದನ್ನು ಹಾಕಿದರೆ ಅಂಗಡಿ, ಪರೀಕ್ಷಾ ಕೇಂದ್ರ, ಶುದ್ಧತೆ ತಿಳಿಯುತ್ತವೆ. ಮಾಡಿದ ಅಕ್ಕಸಾಲಿಗನ ಹೆಸರು ಈ ವ್ಯವಸ್ಥೆಯಲ್ಲೂ ಇಲ್ಲ. ಅಂಗಡಿಯ ಗುರುತೂ ಈಗ ಒಡವೆಯ ಮೈಯಿಂದ ಹೋಗಿದೆ.

ಈ ಹಳೆಯ, ಹೊಸ ಪದ್ಧತಿಗಳ ಜಾಗಗಳನ್ನು ಕಣ್ಣಾರೆ ನೋಡಬೇಕೆಂದರೆ, ಜ್ಞಾನಭಾರತಿಯಿಂದ ಮೆಟ್ರೋದ ನೇರಳೆ ಮಾರ್ಗ ಹಿಡಿದು ಮೆಜೆಸ್ಟಿಕ್‌ನಲ್ಲಿ ಹಸಿರು ಮಾರ್ಗಕ್ಕೆ ಬದಲಾದರೆ ಒಂದು ದಿಕ್ಕಿಗೆ ಮೊದಲ ನಿಲ್ದಾಣವೇ ಚಿಕ್ಕಪೇಟೆ. ಒರೆಗಲ್ಲಿನ ಮೇಲೆ ನಂಬಿಕೆಯಿಟ್ಟ ಚಿನಿವಾರರ ಬೀದಿಗಳು ಅಲ್ಲೇ ಅವೆನ್ಯೂ ರಸ್ತೆ, ನಗರ್ತಪೇಟೆಗಳಲ್ಲಿ ಹಬ್ಬಿವೆ. ಇನ್ನೊಂದು ದಿಕ್ಕಿಗೆ ಪೀಣ್ಯ, ಅಲ್ಲಿ ಮಾನಕ ಬ್ಯೂರೋದ ಬೆಂಗಳೂರು ಶಾಖೆಯಿದೆ. ಬದಲಾಗದೆ ನೇರಳೆಯಲ್ಲೇ ಮುಂದೆ ಹೋದರೆ ಬಾರ್ಟನ್ ಅಂಗಡಿಯಿದ್ದ ಎಂ.ಜಿ. ರಸ್ತೆ. ಪಶ್ಚಿಮ ಬೆಂಗಳೂರಿನ ಇತಿಹಾಸ ವಿದ್ಯಾರ್ಥಿಗೆ ಈ ಮೂರೂ ಒಂದು ದಿನದ ಓಡಾಟದಲ್ಲಿ ಸಿಗುತ್ತವೆ.

ನೋಡುವ ಕ್ರಮ

ಹತ್ತು ಪಟ್ಟು ದೊಡ್ಡದು ಮಾಡುವ ಭೂತಗನ್ನಡಿ, ಓರೆಯಾಗಿ ಬೀಳುವ ಬೆಳಕು, ಅರ್ಧ ಗ್ರಾಂ ವ್ಯತ್ಯಾಸ ತೋರಿಸುವ ತಕ್ಕಡಿ ಇಷ್ಟು ಸಾಕು. ಗುರುತಿನ ಮೇಲೆ ಬಾಯಿಂದ ಆವಿ ಬಿಟ್ಟರೆ ಅಳಿಸಿದ ಅಕ್ಷರ ಕ್ಷಣಕಾಲ ಎದ್ದು ಕಾಣುತ್ತದೆ, ಬೆಸುಗೆಯ ಗೆರೆಯೂ ಕಾಣುತ್ತದೆ. ಗುರುತಿನ ಸುತ್ತ ಚೌಕವಾಗಿ ಬೆಸುಗೆ ಗೆರೆ ಇದ್ದರೆ ಅಸಲಿ ಚಮಚದಿಂದ ಕತ್ತರಿಸಿದ ತುಣುಕನ್ನು ನಕಲಿ ಪಾತ್ರೆಗೆ ಕೂರಿಸಿದ್ದಾರೆ. ಉಕ್ಕಿನ ಅಚ್ಚಿನಿಂದ ಹೊಡೆದ ಗುರುತಿನ ಅಂಚು ಚೂಪಾಗಿರುತ್ತದೆ. ಎರಕ ಹೊಯ್ದ ನಕಲಿನಲ್ಲಿ ಅಂಚು ಮೆತ್ತಗಾಗಿ, ತಳದಲ್ಲಿ ಸೂಜಿಮೊನೆಯಷ್ಟು ಗುಳಿಗಳಿರುತ್ತವೆ. ಆರು ಚಮಚಗಳ ಮೇಲೂ ಗುರುತು ಕೂದಲೆಳೆಯ ವ್ಯತ್ಯಾಸವಿಲ್ಲದೆ ಒಂದೇ ಓರೆಯಲ್ಲಿ, ಒಂದೇ ಗೀರಿನೊಂದಿಗೆ ಬಿದ್ದಿದ್ದರೆ ಆರೂ ಒಂದೇ ಎರಕದವು.

ವಿಭೂತಿ, ಹಲ್ಲುಪುಡಿ ಹಾಕಿ ಬೆಳ್ಳಿ ತಿಕ್ಕುವುದು ನಮ್ಮಲ್ಲಿ ಎಲ್ಲ ಹಬ್ಬದ ಮುಂಚಿನ ಕೆಲಸ. ಹೊಳಪು ಬೇಕು, ನಿಜ. ಆದರೆ ತಳದ ಗುರುತನ್ನು ಬಿಟ್ಟು ತಿಕ್ಕಬೇಕು. ಎರಡು ತಲೆಮಾರಿನ ಹಬ್ಬಗಳಲ್ಲಿ ಒಂದು ಮೊದಲಕ್ಷರ ಪೂರ್ತಿ ಅಳಿಸಿಹೋಗಬಲ್ಲದು.

ನೂರು ವರ್ಷ ಮೀರಿದ ಇಂತಹ ಕಲಾವಸ್ತುಗಳಿಗೆ 1972ರ ಪುರಾತನ ವಸ್ತು ಮತ್ತು ಕಲಾನಿಧಿ ಕಾಯ್ದೆ ಅನ್ವಯವಾಗುತ್ತದೆ, ಅವನ್ನು ಖಾಸಗಿಯಾಗಿ ವಿದೇಶಕ್ಕೆ ಒಯ್ಯುವಂತಿಲ್ಲ. ವಿದೇಶದಲ್ಲಿ ನೆಲೆಸಿದ ಮಕ್ಕಳಿಗೆ ಅಜ್ಜಿಯ ಬೆಳ್ಳಿ ಕಳಿಸುವವರು ಅದರ ಕಾಲವನ್ನು ಮೊದಲು ತಿಳಿದುಕೊಳ್ಳಬೇಕು.

ಗುರುತುಗಳು ಹೆಚ್ಚಾಗಿ ನಾಶವಾಗುವುದು ಕಳವಿನಿಂದಲ್ಲ, ಬದಲಾವಣೆಯಿಂದ. ಹಳೆಯ ಒಡವೆ ಕೊಟ್ಟು ಹೊಸದು ತರುವಾಗ ಅಂಗಡಿಯ ಲೆಕ್ಕ ತೂಕ ಮತ್ತು ಶುದ್ಧತೆಗಷ್ಟೇ. ಒಡವೆ ಕುಲುಮೆಗೆ ಹೋಗುತ್ತದೆ, ಅದರ ಬೆನ್ನಿನ ಕೆಲಸ, ಕೊಂಡಿಯ ಅಕ್ಷರಗಳು ಅಲ್ಲಿಗೆ ಮುಗಿದವು. ಕೊಡುವ ಮುಂಚೆ ಮುಂಭಾಗ, ಬೆನ್ನು, ಕೊಂಡಿ ಮೂರರ ಚಿತ್ರ ತೆಗೆದು, ತೂಕ ಬರೆದು, ಯಾವ ಊರಿನ ಯಾವ ಅಕ್ಕಸಾಲಿ ಮಾಡಿದ್ದೆಂದು ಮನೆಯ ಹಿರಿಯರಿಗೆ ಗೊತ್ತಿದ್ದರೆ ಅದನ್ನೂ ಬರೆದಿಡಬೇಕು. ಕರ್ನಾಟಕದ ಅಕ್ಕಸಾಲಿಗರ ಗುರುತುಗಳ ಕೋಶವೊಂದು ಸಿದ್ಧವಾಗಬೇಕಾದರೆ ಅದಕ್ಕೆ ಸಾಮಗ್ರಿ ಸಿಗುವುದು ಇಂತಹ ಟಿಪ್ಪಣಿಗಳಲ್ಲಿ, ಮದುವೆಯ ಒಡವೆ ಪಟ್ಟಿಗಳಲ್ಲಿ, ಕಬ್ಬಿಣದ ಪೆಟ್ಟಿಗೆಯ ತಳದ ಹಳದಿ ರಸೀದಿಗಳಲ್ಲಿ.